ಓಕರಿನಾ ಆಫ್ ಟೈಮ್: ಕಾಲ ವಾಪಸ್ ಬರುತ್ತದೆ, ಜೇಬಿನಲ್ಲಿದ್ದದ್ದು ಬರುವುದಿಲ್ಲ

ಇದು 2000ರಲ್ಲಿ ನಿಂಟೆಂಡೊ 64ಕ್ಕೆ ಬಂದ ಮೇಜೋರಾಸ್ ಮಾಸ್ಕ್ ಗೇಮಿನಲ್ಲಿ ನಾಯಕ ಲಿಂಕ್ ನುಡಿಸುವ ನೀಲಿ ಓಕರಿನಾ ಎಂಬ ಊದುವ ವಾದ್ಯದ ವಿಮರ್ಶೆ. ಇದಕ್ಕೂ ಮುಂಚೆ 1998ರಲ್ಲಿ ಬಂದ ಓಕರಿನಾ ಆಫ್ ಟೈಮ್ ಗೇಮಿನಲ್ಲೂ ಇದೇ ವಾದ್ಯ ಇತ್ತು. ಆದರೆ ಅಲ್ಲಿ ಅದು ಹೆಚ್ಚುಕಡಿಮೆ ಬೀಗದ ಕೈ. ಬಾಗಿಲು ತೆರೆಸುತ್ತಿತ್ತು, ಲಿಂಕ್‌ನನ್ನು ಕಾಲದಲ್ಲಿ ಏಳು ವರ್ಷ ದಾಟಿಸುತ್ತಿದ್ದದ್ದು ಕತ್ತಿ. ಓಕರಿನಾದ ನಿಜವಾದ ಶಕ್ತಿ ಗೊತ್ತಾಗುವುದು ಈ ಗೇಮಿನ ಲೋಕವಾದ ಟರ್ಮಿನಾದಲ್ಲಿ, ತಲೆಯ ಮೇಲೆ ಚಂದ್ರ ಇಳಿಯುತ್ತಿರುವಾಗ.

ಲೆಕ್ಕ ಹೀಗಿದೆ. ಗೇಮಿನ ಒಂದು ಗಂಟೆ ಎಂದರೆ ನಮ್ಮ 45 ಸೆಕೆಂಡು, ಒಂದು ದಿನ ಎಂದರೆ 18 ನಿಮಿಷ. ಮೂರು ದಿನ, ಅಂದರೆ 54 ನಿಮಿಷ ಮುಗಿದರೆ ಬೆಳಗ್ಗೆ ಆರಕ್ಕೆ ಚಂದ್ರ ಬೀಳುತ್ತದೆ. ಅಷ್ಟರೊಳಗೆ ಸಾಂಗ್ ಆಫ್ ಟೈಮ್ ಎಂಬ ಹಾಡು ನುಡಿಸಬೇಕು, ಕಂಟ್ರೋಲರಿನ ಬಟನ್‌ಗಳಲ್ಲಿ ಹೇಳುವುದಾದರೆ: ಬಲ, ಎ, ಕೆಳಗೆ, ಮತ್ತೆ ಬಲ, ಎ, ಕೆಳಗೆ. ಮೊದಲ ದಿನದ ಬೆಳಗ್ಗೆ ಆರಕ್ಕೆ ಹೋಗಿ ನಿಲ್ಲುತ್ತೀರಿ, ಗೇಮ್ ಕೂಡ ಸೇವ್ ಆಗುತ್ತದೆ. ಇದೇ ಸ್ವರಗಳನ್ನು ಕೊನೆಯಿಂದ ಮೊದಲಿಗೆ, ಅಂದರೆ ತಿರುವು ಸ್ವರವಾಗಿ, ನುಡಿಸಿದರೆ (ಕೆಳಗೆ, ಎ, ಬಲ, ಎರಡು ಸಲ) ಕಾಲದ ವೇಗ ಮೂರನೇ ಒಂದು ಭಾಗಕ್ಕೆ ಇಳಿದು, 54 ನಿಮಿಷ 162 ಆಗುತ್ತದೆ. ಜಂಟಿ ವರಸೆಯ ಹಾಗೆ ಒಂದೊಂದು ಸ್ವರವನ್ನು ಎರಡೆರಡು ಸಲ ಒತ್ತಿದರೆ (ಬಲ ಬಲ, ಎ ಎ, ಕೆಳಗೆ ಕೆಳಗೆ) ಮುಂದಿನ ಬೆಳಗ್ಗೆ ಆರಕ್ಕೋ ಸಂಜೆ ಆರಕ್ಕೋ ಜಿಗಿಯಬಹುದು. ಈ ಎರಡು ವರಸೆಗಳ ಸುಳಿವು ಕೊಡುವುದು ಬೆದರುಬೊಂಬೆ. ಸ್ವರ ಗೊತ್ತಿದ್ದರೆ ಅದನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ.

ನಿಧಾನಗತಿ ಇರುವುದು ಮೂರು ದಿನದ ಒಂದು ಸುತ್ತಿನಲ್ಲಿ ಮಾತ್ರ. ಮೊದಲ ದಿನಕ್ಕೆ ವಾಪಸಾದ ಕೂಡಲೇ ಕಾಲ ಮತ್ತೆ ಮಾಮೂಲಿ ವೇಗಕ್ಕೆ ಬರುತ್ತದೆ. ಇದನ್ನು ಮರೆತು ದೇವಾಲಯದೊಳಗೆ ನುಗ್ಗಿದವರು ಬಾಸ್, ಅಂದರೆ ಅಲ್ಲಿಯ ಕೊನೆಯ ದೊಡ್ಡ ಶತ್ರು, ಇರುವ ಕೋಣೆಯ ಬಾಗಿಲ ಮುಂದೆ ನಿಂತು ಗಡಿಯಾರ ನೋಡಿ ಕೈಕೈ ಹಿಸುಕಿಕೊಳ್ಳುತ್ತಾರೆ. ಹಿಂದೆ ಹೋದರೆ ಸಣ್ಣ ಬೀಗದ ಕೈಗಳು ಹೋಗುತ್ತವೆ, ಬಿಡಿಸಿದ ಒಗಟುಗಳೆಲ್ಲ ಮೊದಲಿನಂತಾಗುತ್ತವೆ. ಕೂಡಿಹಾಕಿದ ಪುಟ್ಟ ಫೇರಿಗಳೂ ಕೈಬಿಡುತ್ತವೆ. ಒಂದು ದೇವಾಲಯಕ್ಕೆ ಹದಿನೈದು ಫೇರಿ. ಹದಿನಾಲ್ಕು ಸಿಕ್ಕಿ ಒಂದು ಉಳಿದಿದ್ದರೂ ಸೊನ್ನೆಯಿಂದಲೇ ಶುರು. ಹಾಗಾಗಿ ಆರು ಗಂಟೆಗೆ ಕಣ್ಣು ಬಿಟ್ಟ ತಕ್ಷಣ ತಿರುವು ಸ್ವರ ನುಡಿಸಿಕೊಂಡು ಹೊರಡಿ.

ಉಳಿಯುವುದು ಏನು ಎಂದರೆ ಮುಖವಾಡಗಳು, ಕಲಿತ ಹಾಡುಗಳು, ಬಿಲ್ಲು, ಹುಕ್‌ಶಾಟ್, ಹೃದಯದ ತುಣುಕುಗಳು, ಗೆದ್ದ ಬಾಸ್‌ಗಳ ಅವಶೇಷ, ಒಮ್ಮೆ ಎಬ್ಬಿಸಿದ ಗೂಬೆ ಪ್ರತಿಮೆಗಳು. ಬಾಟಲಿ ಉಳಿಯುತ್ತದೆ, ಒಳಗಿನದು ಉಳಿಯುವುದಿಲ್ಲ. ಬಾಣ, ಬಾಂಬು, ಕೈಯಲ್ಲಿದ್ದ ರೂಪಿಗಳು (ಗೇಮಿನ ಹಣ) ಖಾಲಿ. ದುಡ್ಡಿಗೆ ಮಾತ್ರ ಒಂದು ದಾರಿ ಇದೆ: ವೆಸ್ಟ್ ಕ್ಲಾಕ್ ಟೌನಿನ ಬ್ಯಾಂಕು. ಅಲ್ಲಿಯವನು ಲೆಕ್ಕವನ್ನು ಪುಸ್ತಕದಲ್ಲಿ ಬರೆಯುವುದಿಲ್ಲ, ಲಿಂಕ್‌ನ ಮೈಮೇಲೆಯೇ ವಿಶೇಷ ಶಾಯಿಯ ಮುದ್ರೆ ಒತ್ತುತ್ತಾನೆ. ಮೂರು ದಿನ ಹಿಂದಕ್ಕೆ ಹೋದಾಗ ಅವನಿಗೆ ನಿಮ್ಮ ಗುರುತು ಹತ್ತುವುದಿಲ್ಲ, ಮುದ್ರೆ ನೋಡಿ ದುಡ್ಡು ಕೊಡುತ್ತಾನೆ. 200 ರೂಪಿ ಕಟ್ಟಿದರೆ ದೊಡ್ಡ ಪರ್ಸು, 5000 ಆದರೆ ಹೃದಯದ ತುಣುಕು. ಹಾಡು ನುಡಿಸುವ ಮುಂಚೆ ಬ್ಯಾಂಕಿಗೆ ಹೋಗುವುದು ಕೈಗೆ ರೂಢಿಯಾಗಿಬಿಡಬೇಕು.

ವಾದ್ಯವನ್ನು ಚೆನ್ನಾಗಿ ಬಳಸುವುದು ಹೇಗೆ ಎಂದು ಕಲಿಸುವುದು ಪರ್ವತದ ಕಮ್ಮಾರಶಾಲೆ. ರೇಜರ್ ಕತ್ತಿಗೆ 100 ರೂಪಿ, ಮರುದಿನ ಬೆಳಗ್ಗೆ ಸಿಗುತ್ತದೆ. ಆದರೆ ಸಾಂಗ್ ಆಫ್ ಟೈಮ್ ನುಡಿಸಿದರೆ ಅದು ಹಳೆಯ ಕತ್ತಿಯೇ ಆಗಿಬಿಡುತ್ತದೆ, ನೂರು ರೂಪಿ ನೀರುಪಾಲು. ಶಾಶ್ವತವಾಗಿ ಉಳಿಯುವುದು ಗಿಲ್ಡೆಡ್ ಕತ್ತಿ. ಅದಕ್ಕೆ ಚಿನ್ನದ ಪುಡಿ ಬೇಕು. ಪುಡಿ ಸಿಗುವುದು ಗೊರಾನ್ ಎಂಬ ಬೆಟ್ಟದ ಜನರ ಓಟ ಗೆದ್ದರೆ, ಓಟ ನಡೆಯುವುದು ವಸಂತದಲ್ಲಿ, ವಸಂತ ಬರುವುದು ಆ ಸುತ್ತಿನಲ್ಲಿ ಸ್ನೋಹೆಡ್ ದೇವಾಲಯದ ಬಾಸ್ ಗೋಟ್ ಸತ್ತರೆ. ಆದ್ದರಿಂದ ಮೊದಲ ದಿನ ಬೆಳಗ್ಗೆಯೇ ಆ ದೇವಾಲಯಕ್ಕೆ ಹೋಗಿ. ಒಮ್ಮೆ ಗೆದ್ದಿದ್ದರೆ ಬಾಗಿಲಲ್ಲೇ ಬಾಸ್ ಕೋಣೆಗೆ ನೇರ ದಾರಿ ಇರುತ್ತದೆ. ಗೋಟ್‌ನನ್ನು ಮುಗಿಸಿ ಅಂದೇ ಕತ್ತಿ ಕಮ್ಮಾರನಿಗೆ ಒಪ್ಪಿಸಿ. ಕತ್ತಿ ಕುಲುಮೆಯಲ್ಲಿರುವಾಗ ಕೈ ಬರಿದು, ಆದರೆ ಓಟಕ್ಕೆ ಕತ್ತಿ ಬೇಕಿಲ್ಲ. ಪೌಡರ್ ಕೆಗ್ ಎಂಬ ದೊಡ್ಡ ಬಾಂಬಿನಿಂದ ಓಟದ ದಾರಿಯ ಬಂಡೆ ಒಡೆದು, ಗೆದ್ದು, ಎರಡನೇ ದಿನ ಬೆಳಗ್ಗೆ ರೇಜರ್ ಕತ್ತಿಯನ್ನು ಚಿನ್ನದ ಪುಡಿಯ ಜೊತೆ ಮತ್ತೆ ಅವನಿಗೇ ಕೊಟ್ಟರೆ ಮೂರನೇ ದಿನಕ್ಕೆ ಗಿಲ್ಡೆಡ್ ಸಿದ್ಧ. ಒಂದು ದಿನ ತಡವಾದರೂ ಅದು ಸಿದ್ಧವಾಗುವುದು ನಾಲ್ಕನೇ ದಿನ. ಟರ್ಮಿನಾದಲ್ಲಿ ಆ ದಿನವೇ ಇಲ್ಲ.

ನಿಧಾನಗತಿ ಯಾವಾಗಲೂ ಒಳ್ಳೆಯದು ಎಂದುಕೊಳ್ಳಬೇಡಿ. ರೊಮಾನಿ ರ‍್ಯಾಂಚಿನಲ್ಲಿ ಮೊದಲ ರಾತ್ರಿ 2:30ರಿಂದ 5:15ರವರೆಗೆ ಹಸು ಕದಿಯಲು ಬರುವ ಅನ್ಯಗ್ರಹಜೀವಿಗಳಿಂದ ಕೊಟ್ಟಿಗೆ ಕಾಯಬೇಕು. ಮಾಮೂಲಿ ವೇಗದಲ್ಲಿ ಅದು ಎರಡು ನಿಮಿಷದ ಕೆಲಸ. ಕಾಲವನ್ನು ನಿಧಾನ ಮಾಡಿಕೊಂಡೇ ಹೋದರೆ ಆರು ನಿಮಿಷ ಬಾಣ ಹೊಡೆಯುತ್ತಾ ಓಡಾಡಬೇಕು. ಅಲ್ಲಿಗೆ ಹೋಗುವ ಮುಂಚೆ ತಿರುವು ಸ್ವರವನ್ನು ಇನ್ನೊಮ್ಮೆ ನುಡಿಸಿ ವೇಗ ಸರಿಮಾಡಿಕೊಳ್ಳಿ.

2015ರ ನಿಂಟೆಂಡೊ 3ಡಿಎಸ್ ಆವೃತ್ತಿಯ ಓಕರಿನಾ ಹೆಚ್ಚು ಮೃದು. ಯಾವ ಗಂಟೆಗೆ ಬೇಕೋ ಆ ಗಂಟೆಗೇ ಜಿಗಿಯಬಹುದು, ಗೂಬೆ ಪ್ರತಿಮೆಯಲ್ಲಿ ಮಾಡಿದ ಸೇವ್ ಅಳಿಯುವುದಿಲ್ಲ. ಆದರೆ ಕಾಲ ಅರ್ಧಕ್ಕೆ ಮಾತ್ರ ನಿಧಾನವಾಗುತ್ತದೆ. ಹೊಸಬರಿಗೆ ಅದು ಸಾಕು. ವಾದ್ಯದ ಪೂರ್ತಿ ಬಿಗಿ ತಿಳಿಯಬೇಕೆಂದರೆ ಹಳೆಯದೇ ಆಗಬೇಕು.

ಬೇರೆಯಾದ ಪ್ರೇಮಿಗಳು ಅಂಜು–ಕಾಫೇ ಅವರನ್ನು ಒಂದುಗೂಡಿಸುವ ಪ್ರಸಂಗಕ್ಕೆ ಮೂರು ದಿನವೂ ಪೂರ್ತಿ ಬೇಕು. ಮೊದಲ ರಾತ್ರಿ ನಾರ್ತ್ ಕ್ಲಾಕ್ ಟೌನಿನಲ್ಲಿ ಸಾಕನ್ ಎಂಬ ಕಳ್ಳ ಒಬ್ಬ ಅಜ್ಜಿಯ ಚೀಲ ಕದಿಯುವುದನ್ನು ತಡೆಯಲೇಬಾರದು, ತಡೆದರೆ ಆ ಸುತ್ತಿನಲ್ಲಿ ಈ ಕೆಲಸ ಕೈಗೂಡುವುದಿಲ್ಲ. ಕೊನೆಯ ರಾತ್ರಿ ಸ್ಟಾಕ್ ಪಾಟ್ ಇನ್ ಮಹಡಿಯಲ್ಲಿ ಅಂಜು ಜೊತೆ ಕಾಯಿರಿ. ಕಾಫೇ ಬರುವುದು 4:30ಕ್ಕೆ. ಆಗ ಉಳಿದಿರುವುದು ಗೇಮಿನ ಒಂದೂವರೆ ಗಂಟೆ. ಮಾಮೂಲಿ ವೇಗದಲ್ಲಿ ನಮ್ಮ 67 ಸೆಕೆಂಡು. ಅವರಿಬ್ಬರೂ ಕಪಲ್ಸ್ ಮಾಸ್ಕ್ ಕೈಗಿತ್ತ ಕೂಡಲೇ ಆರು ಸ್ವರ ನುಡಿಸಿ. ಬೆಳಗ್ಗೆ ಆರಕ್ಕೆ ಅದೇ ಮಹಡಿ ಹತ್ತಿದರೆ ಯಾರೂ ಇರುವುದಿಲ್ಲ; ಅಂಜುಗೆ ಕಾಫೇ ಎಲ್ಲಿದ್ದಾನೆ ಎಂಬುದೂ ಗೊತ್ತಿರುವುದಿಲ್ಲ. ನೆರವು ಪಡೆದವರ ಲೆಕ್ಕ ಇಡುವ ಬಾಂಬರ್ಸ್ ನೋಟ್‌ಬುಕ್ ತೆರೆದು ನೋಡಿ, ಅವರ ಹೆಸರಿನ ಮುಂದೆ ಬಿದ್ದ ಗುರುತು ಅಲ್ಲೇ ಇರುತ್ತದೆ.