ಮಾಯಾ ನೇಯ್ಗೆಯ ಶಾಸ್ತ್ರ ಬರೆಯುವವರೇ, ಹಾಸು ಎಣಿಸದೆ ಪೆನ್ನು ಹಿಡಿಯಬೇಡಿ

ಪುಣೆಯಲ್ಲಿ ನಾಲ್ಕು ಜನ ಕನ್ನಡಿಗರು ಸೇರಿ, ಪಾತ್ರ ವಹಿಸಿ ಆಡುವ ಆಟಕ್ಕೆಂದು ಕಟ್ಟಿದ ಕಲ್ಪನೆಯ ಲೋಕವೊಂದು ಮೂರನೇ ಬೈಠಕ್ಕಿಗೇ ಕುಸಿಯಿತು. ಆ ಲೋಕದ ರಾಜರು, ಮಠಗಳು, ಸಂತೆಗಳು ಎಲ್ಲವೂ ಒಂದೇ ಗ್ರಂಥಕ್ಕೆ ತಲೆಬಾಗುತ್ತಿದ್ದವು. ಬಟ್ಟೆಯಲ್ಲಿ ಮಂತ್ರ ನೇಯುವ ಶಾಸ್ತ್ರ ಅದು. ತಿಂಗಳುಗಟ್ಟಲೆ ಕೂತು ಬರೆದದ್ದು, ಭಾಷೆಯೂ ಸೊಗಸು. ಆದರೆ ಮಗ್ಗದ ಲೆಕ್ಕ ಮಾತ್ರ ಎಲ್ಲೂ ಇರಲಿಲ್ಲ. ಇಂಥದ್ದೇ ಗ್ರಂಥ ಬರೆಯಲು ಹೊರಟವರಿಗೆ ಈ ಎಚ್ಚರಿಕೆ.

ಮೊದಲ ಪೆಟ್ಟು ಹೆಸರುಗಳಲ್ಲೇ ಬಿತ್ತು. ಬರೆದವರಲ್ಲಿ ಇಬ್ಬರು ಹಾಸು-ಹೊಕ್ಕು ಅಂದರು, ಇನ್ನಿಬ್ಬರು ಪುಣೆಯ ಮರಾಠಿ ರೂಢಿಯಂತೆ ತಾಣಾ-ಬಾಣಾ ಅಂದರು. ಅವರಲ್ಲೊಬ್ಬರು ತಾಣಾ ಎಂದರೆ ಹೊಕ್ಕು ಅಂದುಕೊಂಡಿದ್ದರು. ತಾಣಾ ಎಂದರೆ ಹಾಸು, ಮಗ್ಗದ ಉದ್ದಕ್ಕೆ ಬಿಗಿದ ಎಳೆ. ಬಾಣಾ ಎಂದರೆ ಲಾಳಿಯಲ್ಲಿ ಅಡ್ಡ ಓಡುವ ಹೊಕ್ಕು. ಇದರಿಂದ ಅರ್ಧ ಮಂತ್ರಗಳು ಉಳಿದರ್ಧಕ್ಕೆ ವಿರುದ್ಧವಾದವು. ‘ಹಣಿಗೆ’ಯೂ ಇದೇ ಥರದ ಬಲೆ. ಮಗ್ಗದಲ್ಲಿ ಅದು ಹೊಕ್ಕನ್ನು ಬಡಿದು ಕೂರಿಸುವ ಬಾಚಣಿಗೆ, ಇಳಕಲ್ ಸೆರಗಿನಲ್ಲಿ ಒಂದು ಚಿತ್ತಾರದ ಹೆಸರು. ಗ್ರಂಥಕ್ಕೆ ಒಂದೇ ಶಬ್ದಪಟ್ಟಿ ಇರಲಿ, ಅದು ಮೊದಲ ಪುಟದಲ್ಲೇ ಇರಲಿ.

ನಿಜವಾದ ಅನಾಹುತ ಮಾಡಿದ್ದು ಬೇರೆ ನಿಯಮ: ‘ನೇಕಾರ ನೇಯುತ್ತಲೇ ಮಂತ್ರ ಬದಲಿಸಬಹುದು.’ ಆಟಗಾರರು ಇದನ್ನು ಹಿಡಿದುಕೊಂಡು ಕಾವಲಿನ ಬಟ್ಟೆಯನ್ನು ನಡುವೆಯೇ ಕೊಲ್ಲುವ ಬಟ್ಟೆ ಮಾಡಿದರು. ತಡೆಯಲು ಶಾಸ್ತ್ರದಲ್ಲಿ ಒಂದು ಸಾಲೂ ಇರಲಿಲ್ಲ. ಮಗ್ಗ ಇಂಥ ಸಲಿಗೆ ಕೊಡುವುದೇ ಇಲ್ಲ. ಎಷ್ಟು ಎಳೆ, ಯಾವ ಬಣ್ಣ, ಯಾವ ಕ್ರಮ ಎಂಬುದೆಲ್ಲ ಲಾಳಿ ಮೊದಲ ಸಲ ಓಡುವ ಮುಂಚೆಯೇ ಹಾಸಿನಲ್ಲಿ ತೀರ್ಮಾನವಾಗಿರುತ್ತದೆ. ಆಮೇಲೆ ನೇಕಾರನ ಕೈಯಲ್ಲಿ ಉಳಿಯುವುದು ಹೊಕ್ಕು, ಮತ್ತು ಯಾವ ಎಳೆ ಯಾವಾಗ ಮೇಲೇಳಬೇಕೆಂಬ ಆಯ್ಕೆ. ಆದ್ದರಿಂದ ಮಂತ್ರದ ಸ್ವಭಾವವನ್ನು ಹಾಸಿನ ಎಳೆಗೆ ಕಟ್ಟಿ, ಗುರಿಯನ್ನೋ ಅವಧಿಯನ್ನೋ ಹೊಕ್ಕಿಗೆ ಬಿಡಿ. ಈ ಒಂದು ಗೆರೆ ಎಳೆದಿದ್ದರೆ ಆ ಆಟ ಉಳಿಯುತ್ತಿತ್ತು.

ಬೆಲೆಯ ಲೆಕ್ಕವೂ ಹೀಗೆಯೇ ಹಳಿ ತಪ್ಪಿತು. ಶಾಸ್ತ್ರದಲ್ಲಿ ಒಂದೇ ರಾತ್ರಿಯಲ್ಲಿ ಚಿತ್ರ ನೇಯ್ದ ಬಟ್ಟೆ ಮುಗಿಯುತ್ತದೆ. ನೀವೇ ಎಣಿಸಿ ನೋಡಿ: 45 ಅಂಗುಲ ಅಗಲ, ಅಂಗುಲಕ್ಕೆ 60 ಎಳೆ, ಒಟ್ಟು 2,700 ಎಳೆ. ಪ್ರತಿಯೊಂದನ್ನೂ ಎತ್ತುವ ಕುಣಿಕೆಯಲ್ಲೂ ಹಣಿಗೆಯ ಸಂದಿನಲ್ಲೂ ಪೋಣಿಸಬೇಕು. ಎಳೆಗೆ ಹತ್ತು ಸೆಕೆಂಡು ಹಿಡಿದರೂ ಏಳೂವರೆ ತಾಸು, ಅದೂ ಕೈ ತಪ್ಪದಿದ್ದರೆ. ಅಂಗುಲಕ್ಕೆ 50 ಹೊಕ್ಕಿನಂತೆ ಆರು ಗಜದ ಉದ್ದಕ್ಕೆ, ಅಂದರೆ 216 ಅಂಗುಲಕ್ಕೆ, 10,800 ಸಲ ಲಾಳಿ ಓಡಬೇಕು. ಇದು ಬರೀ ಸಾದಾ ಬಟ್ಟೆಯ ಮಾತು. ಮಹಾರಾಷ್ಟ್ರದ ರೇಷ್ಮೆ ಸೀರೆ ಪೈಠಣಿಯ ಸೆರಗಿನಂತೆ ಒಂದೇ ಸಾಲಿನಲ್ಲಿ ಹಲವು ಬಣ್ಣದ ನೂಲು ಸುತ್ತಿದ ಪುಟ್ಟ ಕಂಡಿಕೆಗಳು ಓಡಾಡಿ, ಬಣ್ಣ ಬದಲಾಗುವಲ್ಲೆಲ್ಲ ಎಳೆಗೆ ಎಳೆ ತೆಕ್ಕೆ ಹಾಕಬೇಕಾದರೆ ಇಡೀ ದಿನಕ್ಕೆ ಕೆಲವೇ ಅಂಗುಲ ಮುಂದೆ ಸಾಗುತ್ತದೆ. ಪುಣೆಯ ಸೀರೆ ಅಂಗಡಿಗಳ ಲಕ್ಷ್ಮೀ ರೋಡಿಗೆ ಹೋದಾಗ ಕೈಮಗ್ಗದ ಪೈಠಣಿಯ ಸೆರಗನ್ನು ಮಗುಚಿ ನೋಡಿ. ಹಿಂಬದಿಯೂ ಮುಂಬದಿಯಷ್ಟೇ ಚೊಕ್ಕಟ. ಎರಡೂ ಕಡೆಯಿಂದ ಓದಬಹುದಾದ ಮಂತ್ರ ಬೇಕಿದ್ದರೆ ಇದಕ್ಕಿಂತ ಒಳ್ಳೆಯ ಮಾದರಿ ಹುಡುಕಬೇಕಿಲ್ಲ.

ತಪ್ಪಾದರೆ ಏನಾಗುತ್ತದೆ ಎಂಬುದನ್ನು ಆ ಶಾಸ್ತ್ರ ‘ಮಂತ್ರ ಕೆಡುತ್ತದೆ’ ಎಂದು ಎರಡೇ ಪದದಲ್ಲಿ ಮುಗಿಸಿತ್ತು. ಬಲು ದೊಡ್ಡ ನಷ್ಟ ಅದು, ಏಕೆಂದರೆ ಕಥೆಯೆಲ್ಲ ಹುಟ್ಟುವುದೇ ಇಲ್ಲಿ. ಹೊಕ್ಕು ತಪ್ಪಿದರೆ ಬಿಚ್ಚಿ ಮತ್ತೆ ನೇಯಬಹುದು. ಹಣಿಗೆಯಲ್ಲಿ ಒಂದು ಎಳೆ ತಪ್ಪು ಸಂದಿಗೆ ಹೋದರೆ ಬಟ್ಟೆಯ ಉದ್ದಕ್ಕೂ ಗೆರೆ ಬೀಳುತ್ತದೆ. ಹೊಕ್ಕನ್ನು ನೆಟ್ಟಗೆ ಎಳೆದು ಬಿಗಿದರೆ ಅಗಲ ಕುಗ್ಗಿ, ಅಂಚಿನ ಎಳೆಗಳು ಹಣಿಗೆಗೆ ಉಜ್ಜಿ ಹರಿಯುತ್ತವೆ. ಅದಕ್ಕೇ ಹೊಕ್ಕನ್ನು ತುಸು ಓರೆಯಾಗಿ ಬಿಟ್ಟು ಆಮೇಲೆ ಬಡಿಯುವುದು. ಹವೆಯನ್ನೂ ಮರೆಯಬೇಡಿ: ಹತ್ತಿ ನೂಲು ತೇವಕ್ಕೆ ಗಟ್ಟಿಯಾಗುತ್ತದೆ, ರೇಷ್ಮೆ ತೇವಕ್ಕೆ ಬಲಗುಂದುತ್ತದೆ. ಪುಣೆಯ ಏಪ್ರಿಲ್ ಬಿಸಿಲಿನಲ್ಲಿ ಹತ್ತಿ ಎಳೆ ಪಟಪಟ ಹರಿದೀತು, ಮುಂಬಯಿಯ ಮಳೆಗಾಲದಲ್ಲಿ ಅದೇ ಎಳೆ ತಾಳೀತು. ಋತುವಿಗೆ ತಕ್ಕಂತೆ ಮಂತ್ರದ ಬಲ ಏರಿಳಿಯಲು ಬೇರೆ ಕಾರಣ ಕಟ್ಟಬೇಕಾಗಿಲ್ಲ.

ಗ್ರಂಥದ ರೂಪದಲ್ಲೂ ಎಡವಿದರು. ಎಲ್ಲವೂ ಶ್ಲೋಕ, ಮಗ್ಗದ ಮುಂದೆ ಕೂತವನಿಗೆ ಏನೂ ಸಿಗದು. ಮಗ್ಗದಲ್ಲಿ ಚಿತ್ತಾರ ಮೂಡಿಸುವ 1804ರ ಜಕಾರ್ಡ್ ಯಂತ್ರದ ತೂತು ಕೊರೆದ ರಟ್ಟುಗಳನ್ನು ನೆನೆಯಿರಿ, ಒಂದು ರಟ್ಟಿಗೆ ಒಂದು ಹೊಕ್ಕು. ಅಂಗುಲಕ್ಕೆ 40 ಹೊಕ್ಕಿದ್ದರೆ ಐದು ಅಂಗುಲದ ಹೂವಿಗೆ 200 ರಟ್ಟು. ಒಂದು ರಟ್ಟು ಹಿಂದುಮುಂದಾದರೆ ಆ ಗೆರೆ ಪ್ರತಿ ಹೂವಿನಲ್ಲೂ ಮುರಿಯುತ್ತದೆ. ಶಾಸ್ತ್ರವೇ ಇಂಥ ರಟ್ಟಿನ ಸರವಾಗಿದ್ದು, ಒಂದು ರಟ್ಟನ್ನು ಯಾರೋ ಕದ್ದರು ಎಂದುಕೊಳ್ಳಿ. ಆಟಗಾರರಿಗೆ ವರ್ಷಕ್ಕಾಗುವಷ್ಟು ಕೆಲಸ ಅದರಲ್ಲೇ ಇದೆ.

ಎರಡು ಲೋಕಗಳನ್ನು ಬೆಸೆಯುವ ಅಧ್ಯಾಯದಲ್ಲಿ ಅವರು ಸೂಜಿ-ಹೊಲಿಗೆ ತಂದಿದ್ದರು. ಬೇಕಿರಲಿಲ್ಲ. ಇಳಕಲ್ ಸೀರೆಯಲ್ಲಿ ಒಡಲಿನ ಹಾಸಿಗೂ ಸೆರಗಿನ ರೇಷ್ಮೆ ಹಾಸಿಗೂ ಕುಣಿಕೆಗೆ ಕುಣಿಕೆ ಸಿಕ್ಕಿಸಿ ಜೋಡಿಸುತ್ತಾರೆ, ಸೀರೆ ಸೀರೆಗೂ ಹೊಸದಾಗಿ. ಲೋಕಗಳ ನಡುವಿನ ಬಾಗಿಲು ಅದೇ ಆಗಲಿ: ಎಷ್ಟು ಎಳೆಯೋ ಅಷ್ಟು ಕುಣಿಕೆ, ಸಿಕ್ಕಿಸದೆ ಬಿಟ್ಟ ಪ್ರತಿ ಕುಣಿಕೆಯೂ ಆಚೆಯವರು ಒಳನುಸುಳುವ ಒಂದು ಸಂದು.