ಹ್ಯಾಮ್‌ಸ್ಟರ್ ಜೋಡಿ ಕೊಡ್ತೀವಿ ಅಂದ್ರೆ ಬೇಡ ಅನ್ನಿ

ಪೆಟ್ ಶಾಪ್‌ನವರು ಹ್ಯಾಮ್‌ಸ್ಟರ್ (ಇಲಿಯನ್ನು ಹೋಲುವ ಪುಟ್ಟ ಸಾಕುಪ್ರಾಣಿ) ತೋರಿಸಿ "ಒಂದೇ ಬೇಡ, ಜೋಡಿ ತಗೊಳ್ಳಿ" ಅಂದರೆ ಅಲ್ಲಿಂದ ಹೊರಟುಬಿಡಿ. ರೇಟು ಇಳಿಸಿದರೂ ಸರಿ, ಮಗು ಹಟ ಹಿಡಿದರೂ ಸರಿ. ಬರಹ ಸ್ವಲ್ಪ ಉದ್ದ ಇದೆ. ಆದರೆ ಮಕ್ಕಳ ಹುಟ್ಟುಹಬ್ಬಕ್ಕೆ ಇದನ್ನೇ ತರೋಣ ಅಂತಿರುವವರು ದಯವಿಟ್ಟು ಪೂರ್ತಿ ಓದಿ.

ನಮ್ಮಣ್ಣನ ಮಗಳಿಗೆ ಸಾಕೋಕೆ ಏನಾದರೂ ಬೇಕಿತ್ತು. ಬಾಡಿಗೆ ಮನೆ, ನಾಯಿಗೆ ಓನರ್ ಒಪ್ಪಲ್ಲ. ಬೆಕ್ಕು ಅಂದರೆ ಅತ್ತಿಗೆಗೆ ಆಗಲ್ಲ. ಅಂಗೈಯಷ್ಟು ಪ್ರಾಣಿ ತಾನೇ ಅಂತ ಬೆಂಗಳೂರಿನ ಒಂದು ಅಂಗಡಿಗೆ ಹೋದೆವು. ಹೆಸರು ಬರೆಯುವುದಿಲ್ಲ. ಇಂಥ ಅಂಗಡಿ ಎಲ್ಲ ಏರಿಯಾದಲ್ಲೂ ಇದೆ. ಗಾಜಿನ ಪೆಟ್ಟಿಗೆಯಲ್ಲಿ ಕಂದು-ಬಿಳಿ ಬಣ್ಣದ, ಸಿರಿಯನ್ ಅನ್ನುವ ಜಾತಿಯ ಹ್ಯಾಮ್‌ಸ್ಟರ್ ಮರಿಗಳು ಒಂದರ ಮೇಲೊಂದು ಬಿದ್ದು ನಿದ್ದೆ ಮಾಡುತ್ತಿದ್ದವು. ಅಂಗಡಿ ಹುಡುಗ ಎರಡನ್ನು ಎತ್ತಿ ನಮ್ಮ ಕೈಗೇ ಇಟ್ಟ.

"ಅಣ್ಣಾ, ಒಂದೇ ಇಟ್ರೆ ಕೊರಗಿ ಸತ್ತೋಗುತ್ತೆ. ಎರಡೂ ಗಂಡೇ, ಮರಿ ಹಾಕೋ ತಾಪತ್ರಯ ಇಲ್ಲ. ಅಣ್ಣ-ತಮ್ಮ ಅನ್ಕೊಳ್ಳಿ."

ಅಣ್ಣ ಬಿಲ್ ಕೇಳಿದ. ವಿಸಿಟಿಂಗ್ ಕಾರ್ಡ್ ಕೊಟ್ಟರು!

ಮೊದಲ ಸುಳ್ಳು ಈ ಕೊರಗುವ ಕಥೆ. ಸಿರಿಯನ್ ಹ್ಯಾಮ್‌ಸ್ಟರ್ ಒಂಟಿ ಪ್ರಾಣಿ. ಹೊರಗೆ ಬಯಲಿನಲ್ಲೂ ಒಂದೊಂದಕ್ಕೆ ಒಂದೊಂದು ಬಿಲ. ಮರಿಯಾಗಿದ್ದಾಗ ಒಟ್ಟಿಗೆ ಮಲಗುತ್ತವೆ ನಿಜ. ಆ ವಯಸ್ಸಿನಲ್ಲೇ ಅಂಗಡಿಯಲ್ಲಿ ಮಾರುವುದರಿಂದ ನೋಡಿದವರಿಗೆ ಬಲು ಅನ್ಯೋನ್ಯ ಅನ್ನಿಸುತ್ತದೆ. ಆರೇಳು ವಾರ ಕಳೆಯುವಷ್ಟರಲ್ಲಿ ಜಾಗಕ್ಕೆ ಜಗಳ ಶುರು. ಬೋನಿನಲ್ಲಿ ಓಡಿಹೋಗೋಕೆ ದಾರಿ ಇಲ್ಲವಲ್ಲ, ಆ ಜಗಳ ಒಂದು ಸಾಯುವ ತನಕವೂ ಹೋಗಬಹುದು. ರೋಬೊರೊವ್‌ಸ್ಕಿಯಂಥ ಕೆಲವು ಡ್ವಾರ್ಫ್ (ಗಾತ್ರದಲ್ಲಿ ಇನ್ನೂ ಚಿಕ್ಕ) ಹ್ಯಾಮ್‌ಸ್ಟರ್ ಜಾತಿಗಳು ಕೆಲವೊಮ್ಮೆ ಹೊಂದಿಕೊಂಡು ಬಾಳುತ್ತವೆ. ಅಂಗಡಿಯವರು ಆ ಮಾತನ್ನೇ ಎಳೆದು ತಂದು ಸಿರಿಯನ್‌ಗೂ ಅಂಟಿಸುತ್ತಾರೆ.

ಎರಡನೇ ಸುಳ್ಳು ಅಣ್ಣ-ತಮ್ಮ. ಅದರಲ್ಲಿ ಒಂದು ಹೆಣ್ಣು. ಅಷ್ಟೇ ಅಲ್ಲ, ಅಂಗಡಿಯಿಂದಲೇ ಬಸಿರಾಗಿ ಬಂದಿತ್ತು. ಈ ಪ್ರಾಣಿಗೆ ಗರ್ಭದ ಅವಧಿ ಬರೀ 16 ದಿನ. ನಾಲ್ಕೈದು ವಾರಕ್ಕೇ ಮರಿ ಹಾಕುವ ವಯಸ್ಸು ಬಂದಿರುತ್ತದೆ. ಗಂಡು ಹೆಣ್ಣು ಬೇರೆ ಮಾಡದೆ ಒಂದೇ ಪೆಟ್ಟಿಗೆಯಲ್ಲಿ ತುಂಬಿದರೆ ಇನ್ನೇನಾಗುತ್ತದೆ?

ಮೊದಲು ಆಗಿದ್ದು ಜಗಳ. ರಾತ್ರಿ ಕೀಚ್ ಕೀಚ್ ಅಂತ ಸದ್ದು ಬರುತ್ತಿತ್ತು. ಅಂಗಡಿಗೆ ಫೋನ್ ಮಾಡಿದರೆ "ಆಟ ಆಡ್ತಾವೆ ಅಣ್ಣಾ" ಅಂದರು. ಒಂದು ಬೆಳಿಗ್ಗೆ ನೋಡಿದರೆ ಗಂಡಿನ ಒಂದು ಕಿವಿ ಅರ್ಧ ಇಲ್ಲ, ಹಿಂಭಾಗದಲ್ಲಿ ಗಾಯ, ಕೆಳಗೆ ಹಾಸಿದ್ದ ಮರದ ಹೊಟ್ಟಿಗೆ ರಕ್ತ ಮೆತ್ತಿತ್ತು. ಅದು ಮೂಲೆಗೆ ಮುಖ ಹಾಕಿ ಕೂತಿತ್ತು. ಇನ್ನೊಂದು ಆರಾಮಾಗಿ ಸೂರ್ಯಕಾಂತಿ ಬೀಜ ಬಿಡಿಸುತ್ತಿತ್ತು. ಸಿರಿಯನ್‌ನಲ್ಲಿ ಸಾಮಾನ್ಯವಾಗಿ ಹೆಣ್ಣೇ ದಪ್ಪ, ಹೆಣ್ಣೇ ಜೋರು.

ಮುಂದಿನದನ್ನು ಗಮನವಿಟ್ಟು ಓದಿ. ಗಾಯಕ್ಕೆ ಏನು ಮಾಡೋದು ಅಂತ ಕೇಳಿದರೆ ಅಂಗಡಿಯವರು ಹೇಳಿದ್ದು, ಮಕ್ಕಳಿಗೆ ಕೊಡುವ ಅಮಾಕ್ಸಿಸಿಲಿನ್ ಅನ್ನುವ ಆಂಟಿಬಯೋಟಿಕ್ ಸಿರಪ್ ಎರಡು ಹನಿ ಹಾಕಿ ಅಂತ. ಹಾಕಿದ ಮೇಲೆ ಭೇದಿ ಹತ್ತಿಕೊಂಡಿತು. ಮೊಲ, ಗಿಳಿ ನೋಡುವ ಪಶುವೈದ್ಯರನ್ನು ಹುಡುಕಿ ಕರೆದುಕೊಂಡು ಹೋಗುವಷ್ಟರಲ್ಲಿ ಮುಗಿದೇ ಹೋಗಿತ್ತು. ಡಾಕ್ಟರ್ ಆಮೇಲೆ ವಿವರಿಸಿದರು. ಪೆನಿಸಿಲಿನ್, ಅಮಾಕ್ಸಿಸಿಲಿನ್, ಕ್ಲಿಂಡಾಮೈಸಿನ್ ಥರದ ಔಷಧಿ ಹ್ಯಾಮ್‌ಸ್ಟರ್‌ಗೆ ವಿಷ ಇದ್ದ ಹಾಗೆ. ಅದರ ಕರುಳಿನಲ್ಲಿರುವ ಒಳ್ಳೆಯ ಬ್ಯಾಕ್ಟೀರಿಯಾ ಸತ್ತು ಕೆಟ್ಟವು ಹೆಚ್ಚಾಗುತ್ತವೆ, ಅವು ಬಿಡುವ ವಿಷಕ್ಕೆ ಪ್ರಾಣಿ ಸಾಯುತ್ತದೆ. ಮನುಷ್ಯರ ಔಷಧಿ, ನಾಯಿಯ ಔಷಧಿ ಯಾವುದನ್ನೂ ಅಂಗಡಿಯವರ ಮಾತಿಗೆ ಕೊಡಬೇಡಿ. ಇಂಥ ಸಣ್ಣ ಪ್ರಾಣಿ ನೋಡುವ ಡಾಕ್ಟರ್ ಊರಲ್ಲಿ ಎಲ್ಲಿದ್ದಾರೆ ಅಂತ ಮೊದಲು ತಿಳಿದುಕೊಂಡು, ಆಮೇಲೆ ಪ್ರಾಣಿ ತನ್ನಿ.

ಗಂಡು ಹೋದ ಮೇಲೆ ಮರಿಗಳು. ನೆನೆಸಿಟ್ಟ ಕಡಲೆಕಾಯಿ ಬೀಜದ ಹಾಗೆ ಕೆಂಪಗೆ, ಕಣ್ಣು ಬಿಟ್ಟಿರಲಿಲ್ಲ. ಮನೆ ತುಂಬ ಸಂಭ್ರಮ. ಪಕ್ಕದ ಮನೆ ಮಕ್ಕಳೆಲ್ಲ ಬಂದು ಇಣುಕಿದ್ದೇ ಇಣುಕಿದ್ದು. ತಾಯಿ ಗಾಬರಿಯಾಗಿ ಮರಿಗಳನ್ನು ಕೆನ್ನೆಚೀಲಕ್ಕೆ ತುಂಬಿಕೊಂಡು ಆ ಮೂಲೆ ಈ ಮೂಲೆ ಓಡಾಡಿತು. ಮಾರನೇ ದಿನ ಎಣಿಸಿದರೆ ಕೆಲವು ಕಾಣಲಿಲ್ಲ. ತಿಂದಿತ್ತು. ಅಣ್ಣನ ಮಗಳು ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ.

ಇದು ರಾಕ್ಷಸ ಬುದ್ಧಿಯೇನೂ ಅಲ್ಲ, ಹೆದರಿದ ತಾಯಿ ಹೀಗೆ ಮಾಡುತ್ತದೆ. 1930ರಲ್ಲಿ ಇಸ್ರೇಲ್ ಅಹರೋನಿ ಅನ್ನುವ ಪ್ರಾಣಿಶಾಸ್ತ್ರಜ್ಞ ಸಿರಿಯಾದ ಅಲೆಪ್ಪೊ ಹತ್ತಿರ ನೆಲ ಅಗೆಸಿ ತಾಯಿ-ಮರಿಗಳನ್ನು ಹಿಡಿದ. ಪೆಟ್ಟಿಗೆಗೆ ಹಾಕಿದ್ದೇ ತಡ, ಆ ತಾಯಿಯೂ ಒಂದು ಮರಿಯನ್ನು ಕೊಂದಿತಂತೆ. ಇವತ್ತು ಅಂಗಡಿಗಳಲ್ಲಿರುವ ಸಿರಿಯನ್ ಹ್ಯಾಮ್‌ಸ್ಟರ್‌ಗಳಲ್ಲಿ ಹೆಚ್ಚುಕಮ್ಮಿ ಎಲ್ಲವೂ ಆ ಒಂದು ಸಂಸಾರದಿಂದ ಬಂದವೇ.

ಅಂಗಡಿಯವರು ಮಾತ್ರ ಖುಷಿಯಾದರು. "ಮರಿ ದೊಡ್ಡದಾದ್ಮೇಲೆ ತಂದ್ಕೊಡಿ, ನಾವೇ ತಗೋತೀವಿ." ತಗೋತಾರೆ, ಯಾಕಂದ್ರೆ ಪುಕ್ಕಟೆ ಸರಕು. ಕೊಡಲಿಲ್ಲ. ಪರಿಚಯದವರಿಗೆ ಒಂದೊಂದೇ ಹಂಚಿದೆವು.

ಇಷ್ಟಾದ ಮೇಲೂ ಹ್ಯಾಮ್‌ಸ್ಟರ್ ಬೇಕು ಅನ್ನುವವರಿಗೆ ನನ್ನ ತಕರಾರಿಲ್ಲ. ಆ ತಾಯಿ ಹ್ಯಾಮ್‌ಸ್ಟರ್ ಈಗಲೂ ಅಣ್ಣನ ಮನೆಯಲ್ಲಿದೆ, ಒಂಟಿಯಾಗಿ, ಪರಮ ಸುಖವಾಗಿ. ಆದರೆ ಅಂಗಡಿಗೆ ಸಂಜೆ ಹೋಗಿ. ಇವು ರಾತ್ರಿ ಓಡಾಡುವ ಪ್ರಾಣಿಗಳು, ಹಗಲಲ್ಲಿ ಮಲಗಿರುವುದು ಸುಸ್ತಾಗಿಯೋ ಜ್ವರ ಬಂದೋ ಗೊತ್ತಾಗಲ್ಲ. ಬಾಲದ ಕೆಳಗೆ ಒದ್ದೆ, ಗಲೀಜು ಇದ್ದರೆ ಆ ಪೆಟ್ಟಿಗೆಯಿಂದ ಯಾವುದನ್ನೂ ತಗೋಬೇಡಿ. ಅದು ವೆಟ್ ಟೇಲ್ ಅನ್ನುವ ಭೇದಿ ಕಾಯಿಲೆ ಆಗಿದ್ದರೆ ಎರಡು ಮೂರು ದಿನದಲ್ಲೇ ಸಾಯಬಹುದು, ತಾಯಿ ಬಿಟ್ಟು ಬಂದ ಎಳೆ ಮರಿಗಳಿಗೇ ಜಾಸ್ತಿ ಬರುತ್ತದೆ. ಗಂಡೋ ಹೆಣ್ಣೋ ಅಂತ ತಿರುಗಿಸಿ ತೋರಿಸೋಕೆ ಹೇಳಿ. ಹೆಣ್ಣಿಗೆ ಬಾಲದ ಕೆಳಗಿನ ಎರಡು ರಂಧ್ರಗಳು ತೀರಾ ಹತ್ತಿರ, ಗಂಡಿಗೆ ನಡುವೆ ಅಂತರ ಎದ್ದು ಕಾಣುತ್ತದೆ.

ಜೊತೆಗೆ ಮಾರುವ ಬಣ್ಣಬಣ್ಣದ ತಂತಿ ಬೋನು ಇದೆಯಲ್ಲ, ಅದು ದುಡ್ಡು ದಂಡ. ನೆಲದ ಜಾಗ ಕನಿಷ್ಠ 100 ಸೆಂ.ಮೀ. ಉದ್ದ, 50 ಸೆಂ.ಮೀ. ಅಗಲ ಇರಲಿ. ಬಿಲ ತೋಡಲು ಹಾಸು ಒಂದು ಗೇಣು ದಪ್ಪ ಇರಲಿ. ಓಡುವ ಚಕ್ರ ಸಿರಿಯನ್‌ಗೆ 20 ಸೆಂ.ಮೀ.ಗಿಂತ ಚಿಕ್ಕದಾದರೆ ಬೆನ್ನು ಬಾಗುತ್ತದೆ. ಮೆತ್ತಗಿರುತ್ತೆ ಅಂತ ಹತ್ತಿ ಕೊಡುತ್ತಾರೆ, ಅದರ ಎಳೆ ಕಾಲಿಗೆ ಸುತ್ತಿಕೊಳ್ಳುತ್ತದೆ, ಬೇಡ. ನೀರಲ್ಲಿ ಸ್ನಾನ ಬೇಡವೇ ಬೇಡ, ಒಂದು ಬಟ್ಟಲು ಸಣ್ಣ ಮರಳು ಇಟ್ಟರೆ ಅದೇ ಹೊರಳಾಡಿಕೊಳ್ಳುತ್ತದೆ. 18ರಿಂದ 24 ಡಿಗ್ರಿ ಇದಕ್ಕೆ ಹಿತ. ರಾಯಚೂರು, ಕಲಬುರಗಿ ಬೇಸಿಗೆಯಲ್ಲಿ ಕರೆಂಟ್ ಹೋದರೆ ಏನು ಮಾಡ್ತೀರಿ ಅಂತ ಮೊದಲೇ ಯೋಚಿಸಿ.

ಇನ್ನೊಂದು ವಿಷಯ ಬಹಳ ಜನಕ್ಕೆ ಗೊತ್ತಿಲ್ಲ. 2018ರ ಕೇಂದ್ರದ ಪೆಟ್ ಶಾಪ್ ನಿಯಮಗಳಲ್ಲಿ ನಾಯಿ, ಬೆಕ್ಕಿನ ಜೊತೆ ಹ್ಯಾಮ್‌ಸ್ಟರ್ ಹೆಸರೂ ಇದೆ. ಮಾರುವ ಅಂಗಡಿ ರಾಜ್ಯ ಪ್ರಾಣಿ ಕಲ್ಯಾಣ ಮಂಡಳಿಯಲ್ಲಿ ನೋಂದಣಿ ಮಾಡಿಸಿರಬೇಕು. ಸರ್ಟಿಫಿಕೇಟ್ ತೋರಿಸಿ ಅನ್ನಿ, ಬಿಲ್ ಕೇಳಿ. ಮುಖ ಗಂಟಿಕ್ಕಿದರೆ ನಿಮಗೆ ಉತ್ತರ ಸಿಕ್ಕ ಹಾಗೇ.

ಈಗಾಗಲೇ ಸಿರಿಯನ್ ಜೋಡಿ ತಂದು ಒಂದೇ ಬೋನಿನಲ್ಲಿ ಇಟ್ಟಿದ್ದರೆ ಇವತ್ತು ರಾತ್ರಿಯೇ ಬೇರೆ ಮಾಡಿ. ಹೊಸ ಬೋನು ಬರುವ ತನಕ ಎತ್ತರದ ಪ್ಲಾಸ್ಟಿಕ್ ಟಬ್ ಆದರೂ ಸಾಕು, ಎರಡಕ್ಕೂ ಬೇರೆ ನೀರು, ಬೇರೆ ಊಟ. ಹೆಣ್ಣಿನ ಹೊಟ್ಟೆ ಉಬ್ಬುತ್ತಿದ್ದರೆ ಕತ್ತಲಿರುವ ಮೂಲೆಗೆ ಇಟ್ಟು ಸ್ವಲ್ಪ ಬೇಯಿಸಿದ ಮೊಟ್ಟೆ ಕೊಡಿ. ಮರಿ ಹಾಕಿದ ಮೇಲೆ ಎರಡು ವಾರ ಗೂಡಿಗೆ ಕೈ ಹಾಕಬೇಡಿ, ನೀರು-ಊಟ ಇಟ್ಟು ಸುಮ್ನೆ ಬಂದುಬಿಡಿ. ನಾಲ್ಕು ವಾರ ತುಂಬುತ್ತಿದ್ದಂತೆ ಗಂಡು ಮರಿ, ಹೆಣ್ಣು ಮರಿ ಬೇರೆ ಬೇರೆ ಟಬ್‌ಗೆ.