"ಬಾಡಿಗೆ ಮಾತ್ರ ನಂದು" ಅಂತ ಅಕ್ಕಿ ಮೂಟೆ ಹೇರಬೇಡಿ, ಗಾಡಿ ಹೋಗುತ್ತೆ

ಗೂಡ್ಸ್ ಗಾಡಿ ಇಟ್ಕೊಂಡಿರೋರು ದಯವಿಟ್ಟು ಓದಿ. ಕದ್ದು ಮಾರೋ ರೇಷನ್ ಅಕ್ಕಿ ಹೇರಿದ್ದಕ್ಕೆ ನನ್ನ ಟಾಟಾ ಏಸ್ ಪೊಲೀಸ್ ಸ್ಟೇಷನ್ ಕಾಂಪೌಂಡಿನಲ್ಲಿ ನಿಂತು ಇವತ್ತಿಗೆ 41 ದಿನ. ಕಂತು ಮಾತ್ರ ನಿಂತಿಲ್ಲ.

ಫೋನ್ ಮಾಡಿದವನು ಪರಿಚಯದವನೇ, ಎರಡು ಸಲ ಈರುಳ್ಳಿ ಹೊಡೆಸಿದ್ದ. "ಅಣ್ಣ, 14 ಮೂಟೆ ಅಕ್ಕಿ, ಮಿಲ್ಲಿಗೆ ಇಳಿಸಿದ್ರೆ ಸಾಕು, 2,500 ಕೊಡ್ತೀನಿ." ಆ ದೂರಕ್ಕೆ 1,600 ಸಿಕ್ಕರೆ ಹೆಚ್ಚು. ಅಲ್ಲೇ ಅನುಮಾನ ಬರಬೇಕಿತ್ತು, ಬರಲಿಲ್ಲ. ಬಿಲ್ ಕೇಳಿದೆ. ಕೇಳಿದೆ ಅನ್ನೋದೇ ಈಗ ಸಮಾಧಾನ. "ಹೊರಡಿ ಅಣ್ಣ, ವಾಟ್ಸಾಪ್ ಮಾಡ್ತೀನಿ" ಅಂದ. ಹೊರಟೆ. ಬೆಳಗಿನ ಜಾವ, ಊರಾಚೆ ಶೆಡ್ಡು, ಬಿಳಿ ಚೀಲ, ಬಾಯಿಗೆ ಕೈಹೊಲಿಗೆ. ಮಿಲ್ಲಿನ ಚೀಲಕ್ಕೆ ಯಾರು ಕೈಯಲ್ಲಿ ಹೊಲಿಗೆ ಹಾಕ್ತಾರೆ ಹೇಳಿ!

ದಾರಿಯಲ್ಲಿ ತಡೆದರು. ಆಹಾರ ನಿರೀಕ್ಷಕರು ಒಂದು ಮೂಟೆ ಬಿಚ್ಚಿ, ಹಿಡಿ ಅಕ್ಕಿ ನೀರಿನ ಲೋಟಕ್ಕೆ ಹಾಕಿದರು. ನಾಲ್ಕೈದು ಕಾಳು ಮೇಲೆ ತೇಲಿದವು, ಸ್ವಲ್ಪ ಹಳದಿ. ನೋಡಿದ ತಕ್ಷಣ ನನ್ನ ಜೀವ ಹಾರಿಹೋಯ್ತು. ರೇಷನ್ ಅಕ್ಕಿಗೆ ಬೆರೆಸಿದ್ದ ಸಾರವರ್ಧಿತ ಕಾಳು ಅದು, ಅಂದ್ರೆ ಕಬ್ಬಿಣಾಂಶ, ವಿಟಮಿನ್ ಸೇರಿಸಿ ಮಾಡಿದ್ದು. ನಮ್ಮನೇಲೂ ಬಿಪಿಎಲ್ ಕಾರ್ಡೇ ಇರೋದು. ಅಕ್ಕಿ ತೊಳೆಯುವಾಗ ಅಮ್ಮ ಅದನ್ನೇ "ಪ್ಲಾಸ್ಟಿಕ್ಕು" ಅಂತ ಆರಿಸಿ ಎಸೀತಾಳೆ. ದಿನಾ ಉಣ್ಣೋ ಅಕ್ಕಿ ನನ್ನ ಬೆನ್ನ ಹಿಂದೇನೇ ಇತ್ತು, ಗುರುತು ಸಿಗಲಿಲ್ಲ.

ಅಲ್ಲಿಂದಲೇ ಅವನಿಗೆ ಫೋನ್ ಹಚ್ಚಿದೆ. ಮೊದಲು "ನಾನು ಬರೀ ಬ್ರೋಕರ್ ಅಣ್ಣ" ಅಂದ. ಎರಡನೇ ಸಲಕ್ಕೆ "ಗಾಡಿ ನಿಮ್ದು, ಮಾಲಿಗೆ ನೀವೇ ಜವಾಬ್ದಾರಿ ಅಲ್ವಾ?" ಮೂರನೇ ಸಲ "ಯಾರು ಮಾತಾಡ್ತಿರೋದು?" ಯಾರು ಮಾತಾಡ್ತಿರೋದು ಅಂತೆ! ಆಮೇಲೆ ಸ್ವಿಚ್ ಆಫ್.

ಕಾನೂನು ವಕೀಲರ ಹತ್ರ ದುಡ್ಡು ಕೊಟ್ಟು ಕಲಿತೆ, ನಿಮಗೆ ಪುಕ್ಕಟೆ ಹೇಳ್ತೀನಿ. 1955ರ ಅಗತ್ಯ ವಸ್ತುಗಳ ಕಾಯ್ದೆ. 7ನೇ ಕಲಂ ಪ್ರಕಾರ ಸಾಮಾನ್ಯವಾಗಿ 3 ತಿಂಗಳಿಗೆ ಕಮ್ಮಿ ಇಲ್ಲ, 7 ವರ್ಷದವರೆಗೂ ಜೈಲು, ಮೇಲೆ ದಂಡ. 10ಸಿ ಇನ್ನೂ ಕೆಟ್ಟದ್ದು: ಗೊತ್ತಿದ್ದೇ ಮಾಡಿದ್ದಾನೆ ಅಂತ ಕೋರ್ಟು ಮೊದಲೇ ಅಂದುಕೊಳ್ಳುತ್ತೆ, ಗೊತ್ತಿರಲಿಲ್ಲ ಅನ್ನೋದನ್ನ ನಾವೇ ಸಾಬೀತು ಮಾಡಬೇಕು. 6ಎ ಕೆಳಗೆ ಅಕ್ಕಿ ಜೊತೆ ಗಾಡಿನೂ ಮುಟ್ಟುಗೋಲು ಹಾಕ್ಕೊಳ್ಳೋ ಅಧಿಕಾರ ಜಿಲ್ಲಾಧಿಕಾರಿಗೆ. ಆ ವಿಚಾರಣೆ ಮುಗಿಯೋವರೆಗೂ ಗಾಡಿ ಬಿಡಿಸಿಕೊಡಿ ಅಂತ ಬೇರೆ ಕೋರ್ಟಿಗೆ ಹೋದರೂ ನಡೆಯಲ್ಲ. ಬಾಡಿಗೆ ಗಾಡಿಗೆ ಒಂದು ದಾರಿ ಇದೆ, ಮುಟ್ಟುಗೋಲಿನ ಬದಲು ದಂಡ, ಹೆಚ್ಚಂದ್ರೆ ಮಾಲಿನ ಮಾರುಕಟ್ಟೆ ಬೆಲೆಯಷ್ಟು. ಸರ್ಕಾರ ಅಕ್ಕಿ ಬದಲು ದುಡ್ಡು ಹಾಕ್ತಿದ್ದಾಗಿನ ಕೆಜಿಗೆ 34 ರೂಪಾಯಿ ಲೆಕ್ಕ ಹಿಡಿದರೂ 14 ಮೂಟೆಯ 700 ಕೆಜಿಗೆ 23,800. ನಾನು ಹೋಗಿದ್ದು 2,500ಕ್ಕೆ.

ತಿಳಿಯದೆ ಸಾಗಿಸಿದೆ, ಬೇಕಾದ ಎಚ್ಚರಿಕೆ ಎಲ್ಲ ತಗೊಂಡಿದ್ದೆ ಅಂತ ತೋರಿಸಿದರೆ ಗಾಡಿ ಉಳಿಯುತ್ತಂತೆ. "ಏನು ಎಚ್ಚರಿಕೆ ತಗೊಂಡಿದ್ರಿ?" ಅಂತ ವಕೀಲರು ಕೇಳಿದರು. ವಾಟ್ಸಾಪಲ್ಲಿ ಬಿಲ್ ಕಳಿಸ್ತೀನಿ ಅಂದಿದ್ದ ಸಾರ್ ಅಂದೆ. ಅವರು ನಕ್ಕುಬಿಟ್ಟರು.

ಬಿಲ್ ಕೈಗೆ ಬರದೆ ಗೇರ್ ಹಾಕಬೇಡಿ. ಒಂದು ಮೂಟೆ ಬಿಚ್ಚಿಸಿ ನೋಡಿ, ಬೇಜಾರು ಮಾಡ್ಕೊಂಡರೆ ಮಾಡ್ಕೊಳ್ಳಲಿ. ಮನೆಮನೆ ತಿರುಗಿ ರೇಷನ್ ಅಕ್ಕಿ ಕೊಳ್ಳೋರು ಕಂಡರೆ ರೇಷನ್ ಸಹಾಯವಾಣಿ 1967ಕ್ಕೆ ಫೋನ್ ಮಾಡಿ.

ನಿನ್ನೆ ನಮ್ಮ ಸ್ಟ್ಯಾಂಡಿನ ಹುಡುಗನಿಗೆ ಹೊಸ ನಂಬರಿಂದ ಫೋನ್ ಬಂದಿದೆ. ರೆಕಾರ್ಡಿಂಗ್ ಕೇಳಿಸಿದ, ಅದೇ ದನಿ. "ಹೊರಡಿ ಅಣ್ಣ, ವಾಟ್ಸಾಪ್ ಮಾಡ್ತೀನಿ."